ಬೂದುಗುಂಬಳಕ್ಕೂ ಕಿವಿಯಿತ್ತು

ಮೊನ್ನೆ ಗ್ರೈಂಡರ್ ಒರೆಸುವುದಕ್ಕೆ ಒಂದು ಹಳೇ ಬಟ್ಟೆ ಬೇಕಾಗಿತ್ತು. ಬೀರುವಿನ ಕೆಳಗಿನ ಅರೆಗೆ ಕೈ ಹಾಕಿದರೆ ಬಂದದ್ದು ಹಳದಿ ಟೀ-ಶರ್ಟು. ಎದೆಯ ಮೇಲೆ ಏಳನೇ ನಂಬರು, ಬೆನ್ನ ಮೇಲೆ ಔಷಧಿ ಬಾಟಲಿಯ ಚಿತ್ರ. ಔಷಧಿ ಅಂದರೆ ಕೆಮ್ಮಿಗೆ ಕುಡಿಯುವುದಲ್ಲ, ದ್ರಾಕ್ಷಿ ಬಳ್ಳಿಗೆ ಹೊಡೆಯುವುದು. ತಮಿಳುನಾಡಿನ ನಮ್ಮೂರು ಕಂಬಂನ ಗೊಬ್ಬರದಂಗಡಿಯವರೊಬ್ಬರು ನಮ್ಮ ತಂಡಕ್ಕೆ ಪುಕ್ಕಟೆ ಹೊಲಿಸಿಕೊಟ್ಟಿದ್ದರು. ಪುಕ್ಕಟೆ ಅಂದಮೇಲೆ ಬೆನ್ನು ಅವರದ್ದು ತಾನೆ? ಅದನ್ನು ಹಿಡಿದುಕೊಂಡು ಅಲ್ಲೇ ನೆಲದ ಮೇಲೆ ಕೂತುಬಿಟ್ಟೆ. ನೆನೆಸಿಟ್ಟ ಅಕ್ಕಿ ಉದ್ದು ನೆನೆಯುತ್ತಲೇ ಇದ್ದವು. ಅವತ್ತು ನಮ್ಮ ಮನೆಯವರಿಗೆ ಉಪ್ಪಿಟ್ಟು.

ನಗಬೇಡಿ, ನಾನು ಥ್ರೋಬಾಲ್ ಆಟಗಾರ್ತಿ. ಅಂದರೆ ಆಗಿದ್ದೆ, ಐದು ವರ್ಷದ ಹಿಂದೆ, ಒಂದೇ ಒಂದು ಪೊಂಗಲ್ ಹಬ್ಬದ ಮಟ್ಟಿಗೆ, ನಲವತ್ತೊಂದನೇ ವಯಸ್ಸಿನಲ್ಲಿ. ತೇನಿಯಲ್ಲಿ ಹಬ್ಬಕ್ಕೆ ಮದುವೆಯಾದ ಹೆಂಗಸರಿಗೆ ಅಂತಲೇ ಪಂದ್ಯ ಇಟ್ಟಿದ್ದರು. ಮೊದಲ ಬಹುಮಾನ ಗ್ರೈಂಡರು, ಎರಡನೇದು ಕುಕ್ಕರು. ಆಟ ಗೊತ್ತಿಲ್ಲದವರಿಗೆ ಹೇಳುತ್ತೇನೆ: ನೆಟ್ಟಿನ ಆಚೆಯಿಂದ ಬಂದ ಚೆಂಡನ್ನು ಎರಡೂ ಕೈಲಿ ಹಿಡಿಯಬೇಕು, ಹಿಡಿದ ತಕ್ಷಣ ಆಚೆಗೆ ಎಸೆಯಬೇಕು, ಅವರು ಹಿಡಿಯದಿದ್ದರೆ ನಮಗೆ ಪಾಯಿಂಟು. ಬೇಡದ ವಸ್ತುವನ್ನು ಬಂದ ಕಡೆಗೇ ವಾಪಸ್ ಎಸೆಯುವುದು ಸಂಸಾರಸ್ಥ ಹೆಂಗಸರಿಗೆ ಯಾರೂ ಕಲಿಸಬೇಕಾದ ವಿದ್ಯೆ ಅಲ್ಲ. ದ್ರಾಕ್ಷಿ ತೋಟಕ್ಕೆ ಹಕ್ಕಿ ಬರದ ಹಾಗೆ ಹೊದಿಸುವ ಬಲೆಯಿದೆಯಲ್ಲ, ಅದನ್ನೇ ಎರಡು ಕಂಬಕ್ಕೆ ಕಟ್ಟಿ ಒಂದು ತಿಂಗಳು ಅಭ್ಯಾಸ ಮಾಡಿದೆವು. ಸೊಂಟ ಹಿಡಿಯಿತು, ಮೊಣಕಾಲು ಹಿಡಿಯಿತು, ಚೆಂಡು ಮಾತ್ರ ಒಂದು ವಾರ ಯಾರ ಕೈಗೂ ಹಿಡಿಯಲಿಲ್ಲ.

ನಮ್ಮ ಕ್ಯಾಪ್ಟನ್ ಈಶ್ವರಿ ಮದಿನಿ. ನನ್ನ ಸೋದರಮಾವನ ಮಗಳು, ನನಗಿಂತ ಐದು ವರ್ಷ ದೊಡ್ಡವಳು. ಆಮೇಲೆ ಅವಳ ತಮ್ಮನನ್ನೇ ನಾನು ಕಟ್ಟಿಕೊಂಡೆ. ನಿಮ್ಮ ಕಡೆ ಅತ್ತಿಗೆ ಅನ್ನುವವಳಿಗೆ ನಾವು ತಮಿಳರ ಹಾಗೆ ಮದಿನಿ ಅನ್ನುತ್ತೇವೆ. ಅವಳನ್ನು ಮೈದಾನಕ್ಕೆ ಇಳಿಸುವುದು ಅಂದರೆ ಸಾಮಾನ್ಯದ ಕೆಲಸ ಆಗಿರಲಿಲ್ಲ. ಯಾಕೆ ಅನ್ನುವುದಕ್ಕೆ ಆ ಪೊಂಗಲ್‌ನಿಂದ ಮೂವತ್ತೆರಡು ವರ್ಷ ಹಿಂದಕ್ಕೆ ಹೋಗಬೇಕು. ಬನ್ನಿ, ದೂರ ಏನಿಲ್ಲ, ಚಿನ್ನಮನೂರಿಗೆ.

ಮದಿನಿಗೆ ಆಗ ಹದಿನಾಲ್ಕು. ಊರೂರಿನ ಶಾಲೆಗಳ ನೂರು ಮೀಟರ್ ಓಟ. ನಮ್ಮ ಕೇರಿಯ ಅರ್ಧ ಜನ ಬಸ್ಸು ಹತ್ತಿ ನೋಡಲು ಹೋಗಿದ್ದೆವು. ಮದಿನಿ ಮೊದಲು ಬಂದಳು, ನಾವು ಕುಣಿದೆವು, ಅಷ್ಟರಲ್ಲಿ ವಿಸಿಲ್ ಊದಿದ ಮೇಷ್ಟ್ರು, ಅವರೂ ನಮ್ಮೂರವರೇ, ಕೈ ಅಡ್ಡಡ್ಡ ಆಡಿಸಿ, ಈ ಹುಡುಗಿ ವಿಸಿಲ್ ಊದುವ ಮುಂಚೆಯೇ ಓಡಿದಳು, ಇವಳ ಓಟ ಲೆಕ್ಕಕ್ಕಿಲ್ಲ ಅಂದುಬಿಟ್ಟರು. ಮದಿನಿ ನೆಲಕ್ಕೆ ಬಿದ್ದು ಹೊರಳಾಡಿದಳು. ಮಾವ ಮೇಷ್ಟ್ರ ಮೇಲೆ ಏರಿ ಹೋದರು. ಬರಿಗೈಲಿ ಕಂಬಂಗೆ ವಾಪಸ್ ಬಂದರೆ ಮನೆಯಲ್ಲಿ ಅಜ್ಜಿ ಕಾದಿದ್ದಳು.

ಅಜ್ಜಿಯ ಕೋರ್ಟು ಕೊಟ್ಟಿಗೆಯಲ್ಲಿ. ನಮ್ಮ ಜನಕ್ಕೆ ಹಸು ಅಂದರೆ ಮನೆಯ ಹಿರಿಯರಿಗಿಂತ ಒಂದು ಕೈ ಮೇಲೆ. ಬೆಲ್ಲ ಕದ್ದವರು ಯಾರು, ಮಡಕೆ ಒಡೆದವರು ಯಾರು, ಎಲ್ಲದಕ್ಕೂ ಒಂದೇ ವಿಚಾರಣೆ: "ಅಸುವ ಮುಟ್ಟಿ ಏಳು." ಹಸು ಮುಟ್ಟಿ ಸುಳ್ಳು ಹೇಳಿದರೆ ಏನಾಗುತ್ತದೆ ಅಂತ ಅಜ್ಜಿ ಯಾವತ್ತೂ ಹೇಳಲಿಲ್ಲ. ಹೇಳದೇ ಇದ್ದದ್ದಕ್ಕೇ ನಮಗೆ ಹೆದರಿಕೆ ಹೆಚ್ಚು. ಅವತ್ತು ಮದಿನಿಯನ್ನು ಕರೆದಳು. ಮದಿನಿ ಕಾಲು ನೆಲಕ್ಕೆ ಅಪ್ಪಳಿಸಿ, "ಮೇಷ್ಟ್ರು ಸುಳ್ಳು ಏಳಿದ್ರೆ ನಾನ್ಯಾಕೆ ಅಸು ಮುಟ್ಲಿ? ಅವರು ಬಂದು ಮುಟ್ಲಿ!" ಅಂದಳು. ಎಂಥಾ ವಾದ ನೋಡಿ. ವಕೀಲಿ ಓದಿಸಬೇಕಿತ್ತು.

ಆಗ ಮುಂದೆ ಬಂದವಳು ನಾನು. ಒಂಬತ್ತು ವರ್ಷದ ಮೂಗುಬಟ್ಟಿನ ಹುಡುಗಿ. ಹೋಗಿ ಹಸುವಿನ ಹಣೆ ಮುಟ್ಟಿ, "ಮದಿನಿ ವಿಸಿಲ್ ಊದಿದ ಮೇಲೇ ಓಡಿದ್ದು. ನಾ ಕಣ್ಣಾರೆ ನೋಡ್ದೆ" ಅಂದೆ. ಅಜ್ಜಿ ತೀರ್ಪು ಕೊಟ್ಟಳು, ಮದಿನಿ ನಿರ್ದೋಷಿ. ಹಸು ಬಾಲ ಬೀಸಿತು.

ಅಜ್ಜಿಯ ತೀರ್ಪು ಕೊಟ್ಟಿಗೆಯ ಹೊರಗೆ ನಡೆಯಲಿಲ್ಲ ಅನ್ನುವುದು ಬೇರೆ ಮಾತು. ನಮ್ಮ ಬಳಗ ಎಂಥದ್ದು ಅಂತೀರಿ! ಮದುವೆಮನೆಯಲ್ಲಿ ಎಲೆಗೆ ಅನ್ನ ಬಿದ್ದು ಮದಿನಿ ಕೈ ಹಾಕಿದರೆ ಸಾಕು, ಯಾರೋ ಒಬ್ಬರು, "ವಿಸಿಲ್ ಊದ್ಲಿ ತಾಳಮ್ಮಾ" ಅನ್ನುವರು. ಅವಳಿಗೆ ಏಳನೇ ತಿಂಗಳಿಗೇ ಹೆರಿಗೆ ನೋವು ಬಂದಾಗ ಅವಳ ಗಂಡನೇ ಆ ಮಾತು ಅಂದು ಬೈಸಿಕೊಂಡ. ಅವಳು ಒಂದು ಸಲವೂ ನಗಲಿಲ್ಲ. ಆ ಮೇಷ್ಟ್ರು ತೀರಿಕೊಂಡಾಗ ಊರೆಲ್ಲ ಹೋದರೂ ಅವಳು ಹೋಗಲಿಲ್ಲ. ಯಾವ ಆಟ ಇದ್ದರೂ ಆ ಬೀದಿಯಲ್ಲಿ ಹಾಯುತ್ತಿರಲಿಲ್ಲ. ಅಂಥವಳನ್ನು ನಾನು ಕಾಲು ಹಿಡಿದು, ಗಲ್ಲ ಹಿಡಿದು ತಂಡಕ್ಕೆ ಕರೆತಂದದ್ದು. ಬರುವ ಮುಂಚೆ ಒಂದೇ ಮಾತು ಕೇಳಿದಳು.

"ಸೆಲ್ವಿ, ಅಲ್ಲಿ ಒಬ್ಬರು, ಒಬ್ಬರೇ ಒಬ್ಬರು, ಕಳ್ಳ ಆಟ ಅಂದ್ರೆ ನಾ ಮತ್ತೆ ಈ ಬೀದಿಲಿ ತಲೆ ಎತ್ತಿ ಓಗಕ್ಕಾಗಲ್ಲ. ಗೊತ್ತೈತಾ?"

"ಯಾರಂತಾರೆ ಮದಿನಿ? ಗೆದ್ದು ಬಂದ್ರೆ ಎಲ್ಲರ ಬಾಯೂ ಮುಚ್ತದೆ" ಅಂದೆ. ಸೆಲ್ವಿ ಅಂದರೆ ನಾನು. ಭರವಸೆ ಕೊಡುವುದರಲ್ಲಿ ನನ್ನನ್ನು ಬಿಟ್ಟರಿಲ್ಲ.

ಈಗ ನಮ್ಮ ಭಾಷೆಯ ವಿಷಯ ಸ್ವಲ್ಪ ಹೇಳದಿದ್ದರೆ ಮುಂದಿನದು ತಿಳಿಯುವುದಿಲ್ಲ. ಕಂಬಂ ಕಣಿವೆಯಲ್ಲಿ ನಾವು ಕನ್ನಡದವರು, ಎಷ್ಟು ತಲೆಮಾರಿನಿಂದ ಅಂತ ಯಾರಿಗೂ ಗೊತ್ತಿಲ್ಲ. ಹೊಸಿಲಿನ ಆಚೆ ತಮಿಳು, ಈಚೆ ಕನ್ನಡ. ನಿಮ್ಮ ಕನ್ನಡದ ಹಾಗಲ್ಲ, ಮೈಸೂರಿನವರು ಕೇಳಿದರೆ ಪಾಪ ಅಂತ ನೋಡುತ್ತಾರೆ. ಆದರೆ ಅದರ ಉಪಯೋಗ ಮೈಸೂರಿನವರಿಗೆ ಏನು ಗೊತ್ತು! ಸೀರೆ ಅಂಗಡಿಯಲ್ಲಿ ಕೂತು, ಅಂಗಡಿಯವನ ಮುಖ ನೋಡಿ ನಗುತ್ತಲೇ, "ಇವನು ಬಾಯಿ ಬಿಟ್ಟರೆ ಬರೀ ಬುರುಡೆ, ಅರ್ಧಕ್ಕೆ ಕೇಳು" ಅಂತ ಜೋರಾಗಿ ಮಾತಾಡಿಕೊಳ್ಳಬಹುದು. ಬಸ್ಸಲ್ಲಿ ಎದುರು ಸೀಟಿನವರ ಒಡವೆ ಅಸಲೋ ನಕಲೋ ಅಂತ ಅವರ ಎದುರಿಗೇ ತೀರ್ಮಾನ ಮಾಡಬಹುದು. ನಾವೆಲ್ಲ ಈ ಸುಖದಲ್ಲೇ ಬೆಳೆದವರು.

ತೇನಿ ಮೈದಾನದಲ್ಲೂ ಅದನ್ನೇ ಮಾಡಿದೆವು. ಎದುರು ತಂಡದಲ್ಲಿ ಯಾರು ಬಗ್ಗುವುದಿಲ್ಲ, ಯಾರು ಬಿಸಿಲಿಗೆ ಕಣ್ಣು ಮುಚ್ಚುತ್ತಾರೆ ಅಂತ ನೋಡಿ ಮದಿನಿ ಒಂದೊಂದು ಹೆಸರಿಡುವಳು. ಆಟದ ಮಧ್ಯೆ ಹೆಸರು ಕೂಗಿದರೆ ಚೆಂಡು ಆ ಕಡೆಗೆ. ಮೊದಲ ಎರಡು ಪಂದ್ಯ ಹೂವೆತ್ತಿದ ಹಾಗೆ ಗೆದ್ದೆವು. ಇದು ಮೋಸವೇ ಅಂತ ನೀವು ಕೇಳಬಹುದು. ನಾವು ಕೇಳಿಕೊಳ್ಳಲಿಲ್ಲ. ಗೆಲ್ಲುತ್ತಿರುವಾಗ ಅಂಥ ಪ್ರಶ್ನೆ ಯಾರಿಗೆ ಹೊಳೆಯುತ್ತದೆ ಹೇಳಿ.

ಫೈನಲ್ ದಿಂಡಿಗಲ್ ಕಡೆಯ ಒಂದು ಹಳ್ಳಿಯ ತಂಡದ ಮೇಲೆ. ಮದಿನಿ ಸೀರೆಯ ಮೇಲೆಯೇ ಟೀ-ಶರ್ಟ್ ತೊಟ್ಟು, ಸೆರಗು ಸೊಂಟಕ್ಕೆ ಸಿಕ್ಕಿಸಿ, ನೆಟ್ಟಿನ ಹತ್ತಿರ ನಿಂತು ಅವರನ್ನು ಮೇಲಿಂದ ಕೆಳಗೆ ನೋಡಿದಳು. ಅವರ ಕ್ಯಾಪ್ಟನ್ ನಾಗಮಣಿ ಅಂತ ಒಬ್ಬಾಕೆ, ಅಗಲಕ್ಕೂ ಎತ್ತರಕ್ಕೂ ಹೆಚ್ಚು ವ್ಯತ್ಯಾಸ ಇಲ್ಲ. ಮದಿನಿ ಗಂಟಲು ತಗ್ಗಿಸುವ ಗೋಜಿಗೂ ಹೋಗದೆ, "ಅದು ಬೂದುಗುಂಬಳ, ಬಗ್ಗಲ್ಲ, ಕಾಲಡಿಗೆ ಆಕಿ. ಪಕ್ಕದಲ್ಲಿ ಉದ್ದಕ್ಕಿರೋದು ಕೊಕ್ಕರೆ, ಅದರ ಬೆನ್ನಿಂದೆ ಆಕಿ" ಅಂದಳು. ನಾಗಮಣಿ ನಮ್ಮ ಕಡೆ ನೋಡಿ ಸೌಮ್ಯವಾಗಿ ನಕ್ಕಳು. ನಾವೂ ನಕ್ಕೆವು.

ಆಟ ಶುರುವಾಯಿತು. "ಕುಂಬಳ!" ಅಂತ ಕೂಗಿ ಎಸೆದರೆ ಕುಂಬಳ ಆಗಲೇ ಬಗ್ಗಿ ಕೂತಿದೆ. "ಕೊಕ್ಕರೆ!" ಅಂದರೆ ಕೊಕ್ಕರೆ ನಾಲ್ಕು ಹೆಜ್ಜೆ ಹಿಂದೆ ಹೋಗಿ ಕೈ ಚಾಚಿ ನಿಂತಿದೆ. ಮೂರು ಆಟದಲ್ಲಿ ಎರಡು ಗೆದ್ದವರಿಗೆ ಗ್ರೈಂಡರು; ಹದಿನೈದು ಪಾಯಿಂಟಿನ ಮೊದಲ ಆಟದಲ್ಲಿ ಏಳಕ್ಕೇ ನಮ್ಮನ್ನು ಮುಗಿಸಿದರು. ಮದಿನಿಯ ಮುಖ ಕೆಂಪಾಯಿತು. ಕಳ್ಳಿ ಅನ್ನಿಸಿಕೊಂಡವರಿಗೆ ಕಳ್ಳತನದ ವಾಸನೆ ಬೇಗ ಹತ್ತುತ್ತದೆಯೋ ಏನೋ, ನೇರ ರೆಫರಿಯ ಹತ್ತಿರ ಹೋಗಿ ತಮಿಳಲ್ಲಿ ದೂರು ಕೊಟ್ಟಳು. "ಸಾರ್, ಇವರು ಮೋಸ ಮಾಡ್ತಿದ್ದಾರೆ."

"ಏನು ಮೋಸಮ್ಮಾ?"

"ನಾವು ಎಲ್ಲಿಗೆ ಎಸೀತೀವೋ ಅಲ್ಲಿಗೆ ಮೊದಲೇ ಬಂದು ನಿಲ್ತಾರೆ."

ರೆಫರಿ ಅವಳನ್ನು ಒಂದು ಗಳಿಗೆ ನೋಡಿದರು. "ಅಮ್ಮಾ, ಅದಕ್ಕೇ ಆಟ ಅಂತ ಹೆಸರು" ಅಂದು ನೀರು ಕುಡಿಯಲು ಹೋದರು.

ಅಷ್ಟರಲ್ಲಿ ನಾಗಮಣಿ ಸೆರಗಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತ ನೆಟ್ಟಿನ ಹತ್ತಿರ ಬಂದಳು. ಬಂದು, ನಮ್ಮ ಮನೆಯ ಅಡುಗೆಮನೆಯಲ್ಲಿ ನಿಂತು ಮಾತಾಡಿದ ಹಾಗೆ, ನಮ್ಮದೇ ಕನ್ನಡದಲ್ಲಿ ಹೇಳಿದಳು: "ಅಕ್ಕಾ, ಬೂದುಗುಂಬಳಕ್ಕೂ ಕಿವಿ ಐತೆ."

ಅಯ್ಯೋ ದೇವರೇ! ಭೂಮಿ ಬಾಯಿ ಬಿಡಬಾರದೇ ಅನ್ನುತ್ತಾರಲ್ಲ, ಅವತ್ತು ನಾನು ಬಿಡುತ್ತದೇನೋ ಅಂತ ನಿಜವಾಗಿ ಕೆಳಗೆ ನೋಡಿದೆ. ದಿಂಡಿಗಲ್ ಕಡೆ ನಮ್ಮ ಭಾಷೆಯವರು ಇದ್ದಾರೆ ಅಂತ ನಮಗೆ ಗೊತ್ತಿಲ್ಲದ ಸಂಗತಿಯೇ ಅಲ್ಲ. ನಮ್ಮ ಅಮ್ಮನ ಚಿಕ್ಕಮ್ಮನನ್ನು ಆ ಕಡೆಗೇ ಕೊಟ್ಟಿತ್ತು. ಆದರೆ ಗುಟ್ಟಿನ ಭಾಷೆ ಅಂತ ಒಮ್ಮೆ ಅಂದುಕೊಂಡ ಮೇಲೆ ಲೋಕದಲ್ಲಿ ನಮ್ಮ ಕೇರಿ ಬಿಟ್ಟು ಯಾರಿಗೂ ಅದು ಬಾರದು ಅಂತ ತಲೆ ತೀರ್ಮಾನ ಮಾಡಿಬಿಡುತ್ತದೆ. ಕೊಕ್ಕರೆ ಹಿಂದೆ ನಿಂತು ಕಿಸಿಕಿಸಿ ನಗುತ್ತಿತ್ತು. ಅಕ್ಕಪಕ್ಕದ ಐವರೂ ನಗುತ್ತಿದ್ದರು.

ಬೇರೆಯವರಾದರೆ ಕ್ಷಮೆ ಕೇಳುತ್ತಿದ್ದರು. ಮದಿನಿ ಕೇಳುವವಳೇ? "ನಮ್ಮ ಮಾತು ಬತ್ತದೆ ಅಂತ ಮೊದಲೇ ಏಳಬೇಕಿತ್ತು! ಕದ್ದು ಕೇಳಿಸ್ಕೊಳ್ಳೋದು ಮೋಸ ಅಲ್ವಾ?"

"ಮೂಗಿನ ಮುಂದೆ ನಿಂತು ಕಿರಿಚಿದ್ರಿ. ಇದ್ರಲ್ಲಿ ಕದಿಯೋಕೆ ಏನಿತ್ತಕ್ಕಾ?"

"ಆಗ್ಲೇ ಬಾಯಿ ಬಿಟ್ಟಿದ್ರೆ ನಾವು ಸುಮ್ಮನಾಗ್ತಿದ್ದೋ."

"ಬಿಡೋಣ ಅಂತಿದ್ದೆ. ಅಷ್ಟ್ರಲ್ಲಿ ಕುಂಬಳ ಅಂದ್ರಿ. ಗೆದ್ದೇ ಬಿಡ್ತೀನಿ ಅನ್ನಿಸ್ತು."

ಹದಿನಾಲ್ಕು ಹೆಂಗಸರು ನೆಟ್ಟಿನ ಎರಡೂ ಕಡೆ ಸೇರಿ ಒಟ್ಟಿಗೆ ಮಾತಾಡಿದೆವು. ಯಾವ ಕಡೆ ಮೋಸ ಹೆಚ್ಚು ಅಂತ ಇನ್ನೂ ಇತ್ಯರ್ಥ ಆಗಿರಲಿಲ್ಲ, ರೆಫರಿಗೆ ಒಂದಕ್ಷರ ಅರ್ಥವಾಗದೆ, ಹೊಡೆದಾಟವೇ ಆಗಿಬಿಡುತ್ತದೆ ಅಂತ ವಿಸಿಲ್ ಊದಿದರು. ಊದಿದ್ದೇ ಮದಿನಿ ಬಾಯಿ ಮುಚ್ಚಿ ತನ್ನ ಜಾಗಕ್ಕೆ ಬಂದಳು. ವಿಸಿಲ್ ವಿಷಯದಲ್ಲಿ ಅವಳು ಎಂದೂ ತಡ ಮಾಡುವುದಿಲ್ಲ.

ಎರಡನೇ ಆಟದಲ್ಲಿ ಮದಿನಿ ಹೊಸ ಉಪಾಯ ಹೂಡಿದಳು. "ಕುಂಬಳ!" ಅಂತ ಕೂಗಿ ಕೊಕ್ಕರೆಗೆ ಎಸೆದಳು. ಅವರು ತಿಳಿದುಕೊಳ್ಳುವ ಹೊತ್ತಿಗೆ ಆರು ಪಾಯಿಂಟು ನಮ್ಮದಾಗಿತ್ತು. ಗೆದ್ದೆವು. ಮೂರನೇ ಆಟಕ್ಕೆ ಎರಡೂ ಕಡೆಯವರಿಗೂ ಕೂಗುವ ಉಸಿರೇ ಉಳಿದಿರಲಿಲ್ಲ. ಬರೀ ಆಡಿದೆವು. ಚೆನ್ನಾಗಿಯೇ ಆಡಿದೆವು ಅನ್ನಬೇಕು, ಸುತ್ತ ನಿಂತವರು ಕಬ್ಬು ತಿನ್ನುವುದನ್ನು ಬಿಟ್ಟು ನೋಡತೊಡಗಿದರು. ನಾವು ಹದಿನಾಲ್ಕು, ಅವರು ಹದಿಮೂರು. ಇನ್ನೊಂದು ಪಾಯಿಂಟು ಬಂದರೆ ಗ್ರೈಂಡರು ನಮ್ಮದು. ಗ್ರೈಂಡರಿಗೇನು, ನಮ್ಮೆಲ್ಲರ ಮನೆಯಲ್ಲೂ ಇತ್ತು. ಮದಿನಿಯ ಕಣ್ಣು ನೋಡಿದೆ. ಅವಳಿಗೆ ಬೇಕಾಗಿದ್ದದ್ದು ಕೇರಿಯ ಬಾಯಿ ಮುಚ್ಚಿಸುವ ಒಂದು ಪಾಯಿಂಟು.

ನಾಗಮಣಿ ಎಸೆದಳು. ಚೆಂಡು ನನ್ನ ತಲೆಯ ಮೇಲಿಂದ ಗೆರೆಯಾಚೆಗೆ ಹೊರಟಿತ್ತು. ಬಿಟ್ಟಿದ್ದರೆ ಅದರ ಪಾಡಿಗೆ ಅದು ಹೋಗಿ ಬಿದ್ದು ನಾವು ಗೆಲ್ಲುತ್ತಿದ್ದೆವು. ಬಿಡುವ ಬುದ್ಧಿ ನನಗೆ ಎಲ್ಲಿಂದ ಬರಬೇಕು! ಹಾರಿ ಕೈ ಎತ್ತಿದೆ. ಕಿರುಬೆರಳಿನ ತುದಿಗೆ ಸವರಿಕೊಂಡು ಹೋಗಿ ಹೊರಗೆ ಬಿತ್ತು. ಮುಟ್ಟಿ ಹೊರಗೆ ಬಿದ್ದರೆ ಪಾಯಿಂಟು ಅವರದು. ಮುಟ್ಟದೆ ಬಿದ್ದರೆ ನಮ್ಮದು. ಗೆರೆ ನೋಡಬೇಕಾದವನು ಮೊಬೈಲ್ ನೋಡುತ್ತಿದ್ದ. ರೆಫರಿ ನಮ್ಮ ಕಡೆ ಕೈ ತೋರಿಸಿ ಊದಿದರು.

ಮದಿನಿ ಎರಡೂ ಕೈ ಮೇಲೆತ್ತಿ ಹಾರಿದಳು. ಅವಳನ್ನು ಹಾಗೆ ನೋಡಿ ಮೂವತ್ತು ವರ್ಷದ ಮೇಲಾಗಿತ್ತು.

ಆಚೆ ಕಡೆಯವರು ಟಚ್ ಟಚ್ ಅಂತ ಗಲಾಟೆ ಮಾಡಿದರು. ರೆಫರಿ ಬಂದು ನನ್ನನ್ನು ತಮಿಳಲ್ಲಿ ಕೇಳಿದರು. ನಾನು ಕಣ್ಣು ಮಿಟುಕಿಸದೆ ತಮಿಳಲ್ಲೇ, ಇಲ್ಲ ಸಾರ್, ಮುಟ್ಟಲೇ ಇಲ್ಲ ಅಂದೆ. ಎಷ್ಟು ಸಲೀಸಾಗಿ ಬಂತು ಅಂದರೆ ನನಗೇ ಮೆಚ್ಚುಗೆಯಾಯಿತು. ಗ್ಯಾಸ್ ಸಿಲಿಂಡರಿನವನಿಗೆ, ಶಾಲೆಯ ಫೀಸಿನವರಿಗೆ, ದಿನಾ ಹೇಳಿ ಹೇಳಿ ನಾಲಿಗೆ ಪಳಗಿತ್ತು.

ನಾಗಮಣಿ ಗಲಾಟೆ ಮಾಡಲಿಲ್ಲ. ನೆಟ್ಟಿನ ಕೆಳಗೆ ತಲೆ ತಗ್ಗಿಸಿ ಬಂದು, ನನ್ನ ಕೈ ಹಿಡಿದು ಮೆಲ್ಲಗೆ ಕೇಳಿದಳು. "ತಾಕ್ತಾ ತಂಗಿ?"

ಆ ಭಾಷೆಯಲ್ಲಿ ನನ್ನನ್ನು ಯಾರು ಯಾರು ಪ್ರಶ್ನೆ ಕೇಳಿದ್ದಾರೆ ಅಂತ ಯೋಚಿಸಿ. ಅಮ್ಮ, ಅಜ್ಜಿ, ಮಾವ. ಅದರಲ್ಲಿ ನಾನು ಹೇಳಿದ ದೊಡ್ಡ ಸುಳ್ಳು ಜೀವಮಾನದಲ್ಲಿ ಒಂದೇ ಒಂದು, ಅದಿನ್ನೂ ಹೊಟ್ಟೆಯಲ್ಲಿ ಕರಗಿರಲಿಲ್ಲ. ಬಾಯಿ ತೆರೆದದ್ದು ಇಲ್ಲ ಅನ್ನುವುದಕ್ಕೇ. ಬಂದದ್ದು, "ತಾಕ್ತಕ್ಕಾ."

ರೆಫರಿಗೆ ಅರ್ಥವಾಗಲಿಲ್ಲ. ನಾಗಮಣಿ ಅವರಿಗೆ ಹೇಳಬಹುದಿತ್ತು. ಹೇಳದೆ ನನ್ನ ಭುಜದ ಮೇಲಿಂದ ಹಿಂದೆ ನೋಡಿದಳು. ತಿರುಗಿದರೆ ಮದಿನಿ, ಎತ್ತಿದ ಕೈ ಇನ್ನೂ ಪೂರ್ತಿ ಇಳಿದಿರಲಿಲ್ಲ. ಕೇಳಿಸಿಕೊಂಡಿದ್ದಳು. ನನಗೆ ನಿಜವಾಗಲೂ ಹೆದರಿಕೆಯಾಯಿತು. ಅವಳು ಆಯಿತು ಬಾ ಅಂತ ನನ್ನನ್ನು ಎಳೆದುಕೊಂಡು ಹೋಗಿದ್ದರೆ ಗ್ರೈಂಡರ್ ನಮ್ಮದೇ, ಕೇಳುವವರಿರಲಿಲ್ಲ. ಆದರೆ ಆ ಏಳು ಜನ ದಿಂಡಿಗಲ್‌ಗೆ ಹೋಗಿ ಕಂಬಂನವರು ಕಳ್ಳಿಯರು ಅಂತ ನಮ್ಮ ಭಾಷೆಯಲ್ಲೇ ಹೇಳುತ್ತಿದ್ದರು, ಅದು ತಿರುಗಿ ನಮ್ಮ ಕೇರಿಗೇ ಬರುತ್ತಿತ್ತು.

ಮದಿನಿ ರೆಫರಿಯ ಹತ್ತಿರ ನಡೆದುಹೋದಳು. "ಸಾರ್, ಟಚ್" ಅಂದಳು. ಅಷ್ಟೇ. ಅವರು ಮೂರು ಸಲ ಕೇಳಿದರು. ಮೂರು ಸಲವೂ ಟಚ್ ಅಂದಳು.

ಆಮೇಲೆ ಏನು, ಹದಿನಾಲ್ಕು-ಹದಿನಾಲ್ಕು, ಸಮ ಆದ ಮೇಲೆ ಎರಡು ಪಾಯಿಂಟು ಮುಂದಾದವರು ಗೆದ್ದ ಹಾಗೆ, ಎರಡೇ ಎಸೆತದಲ್ಲಿ ಸೋತೆವು. ಎರಡೂ ಚೆಂಡು ನನ್ನ ಕೈಯಿಂದಲೇ ಜಾರಿದವು ಅಂತ ಬೇರೆ ಹೇಳಬೇಕೇ. ನಾಗಮಣಿ ಗ್ರೈಂಡರಿನ ಪಕ್ಕ ನಿಂತು ಫೋಟೋ ತೆಗೆಸಿಕೊಂಡಳು, ಮದಿನಿಯನ್ನೂ ಎಳೆದು ನಿಲ್ಲಿಸಿಕೊಂಡಳು. ಊರಿಗೆ ಬರಬೇಕು ಅಂತ ಆಣೆ ಹಾಕಿಸಿಕೊಂಡಳು.

ವಾಪಸ್ ಬಸ್ಸಲ್ಲಿ ಉಳಿದವರೆಲ್ಲ ಹಿಂದೆ ಕೂತು ಹಾಡುತ್ತಿದ್ದರು. ನಾನು ಕುಕ್ಕರನ್ನು ತೊಡೆಯ ಮೇಲಿಟ್ಟುಕೊಂಡು ಮದಿನಿಯ ಪಕ್ಕ ಕೂತಿದ್ದೆ. ದಾರಿಯಲ್ಲಿ ಚಿನ್ನಮನೂರು ಬಂತು. ಅಲ್ಲಿ ಬಸ್ಸು ನಿಂತಾಗ ಮದಿನಿ ಕಿಟಕಿಯಾಚೆ ನೋಡುತ್ತಲೇ, "ಸೆಲ್ವಿ, ಅವತ್ತು ನಾ ಮುಂಚೆನೇ ಓಡಿದ್ದು" ಅಂದಳು.

ನನಗೆ ತಕ್ಷಣ ತಿಳಿಯಲಿಲ್ಲ. "ಯಾವತ್ತು ಮದಿನಿ?"

"ಪಕ್ಕದ ಉಡುಗಿ ನಂಗಿಂತ ಜೋರು ಓಡ್ತಿದ್ಲು. ಗೊತ್ತಿತ್ತು. ಅದಕ್ಕೆ ಮೇಷ್ಟ್ರು ವಿಸಿಲ್ ಬಾಯಿಗೆ ಇಡ್ತಿದ್ದಂಗೇ ಓಡ್ಬಿಟ್ಟೆ." ಮೂಗು ಒರೆಸಿಕೊಂಡಳು. "ಅದು ಓಗ್ಲಿ ಬಿಡು. ನೀನು ಚಿಕ್ಕ ಪುಳ್ಳೆ, ಒಂಬತ್ತು ವರ್ಷದ ಕೂಸು, ನಂಗೋಸ್ಕರ ಓಗಿ ಅಸು ಮುಟ್ಟಿದ್ಯಲ್ಲ. ಅದು ನಂಗೆ ಒಂದು ದಿನವೂ ಬಿಟ್ಟು ಓಗಿಲ್ಲ. ಆ ಪುಳ್ಳೆ ಕಣ್ಣಾರೆ ನೋಡಿ, ಗೊತ್ತಿದ್ದೂ ಸುಳ್ಳು ಏಳ್ತಲ್ಲಾ ಅಂತ."

ಅವಳ ಕೈ ಹಿಡಿದುಕೊಂಡೆ. ಸತ್ಯ ಹೇಳುವ ದಿನ ಅಲ್ಲವೇ, ಹೇಳಿಯೇಬಿಟ್ಟೆ.

"ಮದಿನಿ, ನಾ ನೋಡೇ ಇಲ್ಲ."

"ಏನು?"

"ನೀ ಓಡಿದ್ದೇ ನಾ ನೋಡ್ಲಿಲ್ಲ. ಕಡ್ಡಿ ಐಸ್ ತಗಳಕ್ಕೆ ಓಗಿದ್ದೆ. ಜನ ಕೂಗಿದ ಮೇಲೆ ತಿರುಗಿದ್ದು."

ಮದಿನಿ ನನ್ನನ್ನು ಕೊಂದುಬಿಡುವ ಹಾಗೆ ನೋಡಿದಳು. ಮೂವತ್ತೆರಡು ವರ್ಷ ಎದೆಯ ಮೇಲೆ ಹೊತ್ತ ಭಾರ ಒಂದು ಕಡ್ಡಿ ಐಸಿಗೆ ಅಂತ ತಿಳಿದರೆ ಯಾರಿಗಾದರೂ ಹಾಗೇ ಆಗುತ್ತದೆ. ಆಮೇಲೆ ನಗು ಶುರುವಾಯಿತು. ನಕ್ಕಳು ನಕ್ಕಳು, ಟೀ-ಶರ್ಟಿನಲ್ಲೇ ಕಣ್ಣು ಒರೆಸಿಕೊಂಡಳು, ನನ್ನ ಬೆನ್ನಿಗೆ ಧಬಧಬ ಗುದ್ದಿದಳು. ಕಂಡಕ್ಟರ್ ಬಂದು, ಏನಮ್ಮಾ, ಗೆದ್ದು ಬಂದಿರಾ ಅಂತ ಕೇಳಿದ.

ಇಷ್ಟನ್ನೂ ಬರೆಯುತ್ತೇನೆ ಅಂತ ಮೊನ್ನೆ ಫೋನ್ ಮಾಡಿ ಮದಿನಿಯನ್ನು ಕೇಳಿದೆ. ಕೇಳದೆ ಬರೆದರೆ ನಾನು ಉಳಿಯುತ್ತೇನೆಯೇ! ನಮ್ಮ ಯಜಮಾನರ ಏಲಕ್ಕಿ ವ್ಯಾಪಾರಕ್ಕೆ ಅಂತ ಮೂರು ವರ್ಷ ಮೈಸೂರಿನಲ್ಲಿದ್ದಾಗ ಪಕ್ಕದ ಮನೆಯ ಟೀಚರಮ್ಮ ನನಗೆ ಈ ಕನ್ನಡದ ಅಕ್ಷರ ಕಲಿಸಿದರು. ನಮ್ಮ ಕೇರಿಯಲ್ಲಿ ಕನ್ನಡ ಮಾತಾಡುವವರು ಎಲ್ಲರೂ, ಓದಲು ಬರುವುದು ನನಗೊಬ್ಬಳಿಗೇ.

ಮದಿನಿ ಮೊದಲು ಕೇಳಿದ್ದು ಭಾಷೆಯನ್ನು. "ತಮಿಳಲ್ಲಿ ಬರೀತೀಯಾ, ಕನ್ನಡದಲ್ಲಾ?"

"ಕನ್ನಡದಲ್ಲಿ."

"ಅಂಗಾದ್ರೆ ಎಲ್ಲಾ ಬರಿ. ಮುಂಚೆ ಓಡಿದ್ದೂ ಬರಿ. ನಮ್ಮೂರಲ್ಲಿ ಯಾರು ಓದಕ್ಕೋಗ್ತಾರೆ?" ಫೋನ್ ಇಟ್ಟಳು ಅಂದುಕೊಂಡೆ. ಇಟ್ಟಿರಲಿಲ್ಲ. "ಸೆಲ್ವಿ, ಟಚ್ ಅಂತ ಏಳಿದ್ದು ನಾನು. ಯಾರೂ ನನ್ನ ಕೇಳಿರ್ಲಿಲ್ಲ, ನಾನೇ ಓಗಿ ಏಳಿದ್ದು. ಅದು ಮಾತ್ರ ತಮಿಳಲ್ಲೂ ಬರಿ."